ಬೆಲ್ಟಿನ ಹಾಡು

ಸದ್ದೇ ಇಲ್ಲದಿದ್ದಾಗಲೂ ಅಪ್ಪ ಗುಂಡಿ ಒತ್ತುತ್ತಿದ್ದ.

ಗಾಜಿನ ಗೂಡಿನೊಳಗೆ ಕೂತಿದ್ದ. ತಲೆಗೆ ದೊಡ್ಡ ಹೆಡ್‌ಫೋನು, ಕೈಯಲ್ಲೊಂದು ಗುಂಡಿ. ಸದ್ದು ಕೇಳಿಸಿದರೆ ಒತ್ತಬೇಕು, ಅಷ್ಟೇ ಕೆಲಸ. ಒತ್ತಿದರೆ ಗೂಡಿನ ಹೊರಗೆ, ಮೇಜಿನ ಮೇಲಿದ್ದ ಯಂತ್ರದಲ್ಲಿ ಹಸಿರು ದೀಪ ಹೊತ್ತಿಕೊಳ್ಳುತ್ತಿತ್ತು. ಕಿವಿ ಪರೀಕ್ಷೆ ಮಾಡುವ ಹುಡುಗಿ ಯಂತ್ರದಿಂದ ಕೈ ತೆಗೆದು ಸುಮ್ಮನೆ ಕೂತಳು. ಯಾವ ಸದ್ದನ್ನೂ ಒಳಗೆ ಕಳಿಸಲಿಲ್ಲ. ಅಪ್ಪ ಸ್ವಲ್ಪ ಹೊತ್ತು ಕಾದ. ಗಾಜಿನಾಚೆ ಅವಳ ಮುಖ ನೋಡಿದ. ಪಾಪ, ಈ ಮಗು ಎಷ್ಟು ಹೊತ್ತು ಕಾಯಬೇಕು ಅನ್ನಿಸಿತೋ ಏನೋ, ಒತ್ತಿದ. ಹಸಿರು ದೀಪ.

“ಅಪ್ಪಾಜಿ ತುಂಬಾ ಒಳ್ಳೆಯವರು ಅಂತ ಕಾಣುತ್ತೆ,” ಎಂದಳು ಹುಡುಗಿ. “ಇಂಥವರ ಕಿವಿ ಅಳೆಯೋದೇ ಕಷ್ಟ. ನಮಗೆ ಬೇಜಾರಾಗಬಾರದು ಅಂತ ಒತ್ತುತ್ತಾರೆ.”

ಹುಡುಗಿ ಅಂದರೆ ಮೂವತ್ತರ ಆಸುಪಾಸು. ವಯಸ್ಸಾದ ಗಂಡಸರನ್ನೆಲ್ಲ ಅಪ್ಪಾಜಿ ಅನ್ನುವುದು ಅವಳ ರೂಢಿ ಇರಬೇಕು. ಹೊರಗೆ ಬೆಂಚಿನ ಮೇಲೆ ಕಾಯುತ್ತಿದ್ದ ಇನ್ನೊಬ್ಬ ಮುದುಕನನ್ನೂ ಹಾಗೇ ಕರೆದಿದ್ದಳು.

ಮೇಜಿನ ಪಕ್ಕ ಕೂತಿದ್ದ ಮಗ ನಕ್ಕ. ಅಪ್ಪನ ಬಗ್ಗೆ ಯಾರಾದರೂ ಒಳ್ಳೆಯ ಮಾತಾಡಿದರೆ ಅವನಿಗೆ ಕುರ್ಚಿ ಒತ್ತುತ್ತದೆ. ಕೂತ ಭಂಗಿ ಬದಲಿಸಿದ.

ಈ ದಿನಕ್ಕಾಗಿ ಆಫೀಸಿಗೆ ರಜೆ ಹಾಕಿದ್ದ. ಹಾಕಿಸಿದ್ದು ಹೆಂಡತಿ. ಮಾವನ ಹತ್ತಿರ ಮನೆಯೊಳಗೆ ಮಾತಾಡಿದರೂ ಬೀದಿಯವರಿಗೆಲ್ಲ ಹೇಳಿದ ಹಾಗಾಗುತ್ತೆ ಅಂತ ಅವಳು ವರ್ಷದಿಂದ ಹೇಳುತ್ತಿದ್ದಳು. ಅಪ್ಪ ಬಸ್ ಡ್ರೈವರ್ ಆಗಿದ್ದವನು. ಹಳೇ ಕಾಲದ ಬಸ್ಸುಗಳಲ್ಲಿ ಎಂಜಿನ್ನು ಡ್ರೈವರ್ ಪಕ್ಕದಲ್ಲೇ, ಒಂದು ಮುಚ್ಚಳದ ಕೆಳಗೆ ಇರುತ್ತಿತ್ತು. ಅರ್ಧ ಆಯುಷ್ಯ ಆ ಗುಡುಗಿನ ಪಕ್ಕ ಕೂತವನ ಕಿವಿ ಇಷ್ಟಾದರೂ ಉಳಿದದ್ದೇ ಹೆಚ್ಚು ಅಂತ ಡಾಕ್ಟರು ಹೇಳಿದ್ದರು.

“ಸರ್, ನೀವೇ ಒಂದು ಸಲ ಹೇಳಿ,” ಎಂದು ಹುಡುಗಿ ಮೈಕನ್ನು ಅವನತ್ತ ತಿರುಗಿಸಿದಳು. “ಕೇಳಿಸಿದರೆ ಮಾತ್ರ ಒತ್ತಲಿ. ಮಗನ ಮಾತಾದರೆ ಕೇಳ್ತಾರೆ.”

ಅವನು ಮೈಕಿಗೆ ಬಾಗಿದ. ಸಣ್ಣ ದನಿಯಲ್ಲಿ ಹೇಳಿದ. ಅಪ್ಪ ಸುಮ್ಮನೆ ನೋಡುತ್ತಿದ್ದ. ಇನ್ನೂ ಜೋರಾಗಿ ಅಂತ ಹುಡುಗಿ ಸನ್ನೆ ಮಾಡಿದಳು.

“ಅಪ್ಪಾ!”

ಗೂಡಿನೊಳಗೆ ಅಪ್ಪ ಬೆಚ್ಚಿ ಗುಂಡಿ ಒತ್ತಿದ. ಹಸಿರು ದೀಪ ಹೊತ್ತಿಕೊಂಡಿತು. ಹುಡುಗಿ ಅದನ್ನು ಗುರುತು ಹಾಕಿಕೊಳ್ಳಲಿಲ್ಲ. ಪೆನ್ನು ಹಿಡಿದ ಕೈ ಹಾಗೇ ನಿಂತಿತ್ತು. ಅವಳು ಅವನನ್ನೇ ನೋಡುತ್ತಿದ್ದಳು.

ಆ ನೋಟ ಅವನಿಗೆ ಗೊತ್ತಿತ್ತು. ಎಷ್ಟೋ ವರ್ಷಗಳ ಹಿಂದೆ ಬಹಳ ಸಲ ನೋಡಿದ್ದ.

“ತಪ್ಪು ತಿಳ್ಕೋಬೇಡಿ ಸರ್,” ಎಂದಳು. “ನೀವು ತುಕ್ಕು ಅಲ್ವಾ?”

ಬೇರೆ ಯಾರು ಕೇಳಿದ್ದರೂ ಇದು ವಿಚಿತ್ರ ಪ್ರಶ್ನೆಯಾಗುತ್ತಿತ್ತು. ಅವನು ಹೌದು ಎಂದ. ಇಲ್ಲ ಅನ್ನುವ ಯೋಚನೆಯೂ ಬಂದಿತ್ತು. ಆದರೆ ಹೌದು ಅನ್ನುವುದರಲ್ಲಿ ಇನ್ನೂ ಒಂದು ಚಿಕ್ಕ ಸುಖ ಉಳಿದಿತ್ತು. ಅದು ಉಳಿದಿರುವುದು ಗೊತ್ತಾಗಿ ನಾಚಿಕೆಯಾಯಿತು.

ತುಕ್ಕು ಒಂದು ಬ್ಯಾಂಡು. ಹುಟ್ಟಿದ್ದು ಒಂದು ಡ್ರೈಕ್ಲೀನಿಂಗ್ ಅಂಗಡಿಯ ನೆಲಮಾಳಿಗೆಯಲ್ಲಿ. ಮೇಲೆ ಯಾರದೋ ಮದುವೆಯ ಕೋಟುಗಳು ಹಬೆಯಲ್ಲಿ ನೆಟ್ಟಗಾಗುತ್ತಿದ್ದರೆ ಕೆಳಗೆ ಮೂವರು ಜಗತ್ತಿಗೆ ಬೆಂಕಿ ಹಚ್ಚಲು ಕೂತಿದ್ದರು. ಅಂಗಡಿ ಡುಮ್ಮನ ಸೋದರಮಾವನದು. ಡುಮ್ಮ ಡ್ರಮ್ ಮಷೀನು ನೋಡಿಕೊಳ್ಳುತ್ತಿದ್ದ. ಎಂಜಿನಿಯರಿಂಗ್ ಓದುತ್ತಿದ್ದ ಹುಡುಗಿಯೊಬ್ಬಳು ಕೆಟ್ಟ ರೇಡಿಯೋ, ಮಕ್ಕಳ ಆಟಿಕೆ, ಹಳೇ ಟೆಲಿಫೋನುಗಳ ಹೊಟ್ಟೆ ಬಗೆದು ಹೊಸ ಹೊಸ ಸದ್ದಿನ ಯಂತ್ರಗಳನ್ನು ಕಟ್ಟುತ್ತಿದ್ದಳು. ಅವಳಿಗೆ ವೈರು ಅಂತ ಹೆಸರಿಟ್ಟಿದ್ದರು. ಅವನಿಗೆ ಯಾವ ವಾದ್ಯವೂ ಬರುತ್ತಿರಲಿಲ್ಲ. ಕೂಗಲು ಬರುತ್ತಿತ್ತು. ಹಾಗಾಗಿ ಅವನು ಗಂಟಲು.

ಗಿಟಾರು ಹಿಡಿದು ಕೂಗುವವರು ಊರಲ್ಲಿ ಆಗಲೇ ಬೇಕಾದಷ್ಟು ಜನ ಇದ್ದರು. ಇವರದು ಯಂತ್ರಗಳಿಗೆ ಚಿತ್ರಹಿಂಸೆ ಕೊಟ್ಟು ಕೂಗಿಸುವ ಬ್ಯಾಂಡು. ಮೊದಲು ಸರ್ಕಾರವನ್ನು ಬೈದರು. ಆಮೇಲೆ ಬ್ಯಾಂಕುಗಳನ್ನು, ದೇವರನ್ನು, ಟೀವಿಯನ್ನು. ಯಾರಿಗೂ ಬೇಜಾರಾಗಲಿಲ್ಲ. ಹಾಡು ಮುಗಿದ ಮೇಲೆ ಜನ ಅರ್ಧಕ್ಕೆ ನಿಲ್ಲಿಸಿದ್ದ ಹರಟೆ ಮುಂದುವರಿಸುತ್ತಿದ್ದರು. ಇಂಥ ಕಾರ್ಯಕ್ರಮಗಳಿಗೆ ತಪ್ಪದೆ ಬರುತ್ತಿದ್ದ ಒಬ್ಬ ಪತ್ರಕರ್ತ ಒಂದು ದಿನ ಅವನ ಹೆಗಲ ಮೇಲೆ ಕೈಯಿಟ್ಟು, ನಿಮ್ಮ ಸಿಟ್ಟಿಗೆ ವಿಳಾಸವೇ ಇಲ್ಲವಲ್ಲಯ್ಯ ಎಂದಿದ್ದ.

ಆ ಮಾತು ಅವನಿಗೆ ನಾಟಿತು. ವಿಳಾಸ ಹುಡುಕಲು ಮನೆಗೆ ಹೋದ. ಮನೆಯಲ್ಲಿ ಅಪ್ಪ ಇದ್ದ. ಕುರ್ಚಿಗೆ ಕಾಲು ತಾಗಿದರೆ ಕುರ್ಚಿಯನ್ನೇ ಸವರಿ ಮುಂದೆ ಹೋಗುವ ಅಪ್ಪ. ಮಗ ಪರೀಕ್ಷೆಯಲ್ಲಿ ಫೇಲಾದಾಗ, ಆ ಕಾಲೇಜಿನವರದು ಸ್ವಲ್ಪ ಬಿಗಿ ಅಂತ ಅಮ್ಮನಿಗೆ ಸಮಾಧಾನ ಹೇಳಿದ ಅಪ್ಪ. ಇಂಥವನ ಮೇಲೆ ಏನಂತ ಹಾಡು ಕಟ್ಟುವುದು? ಅವನಿಗೆ ಅಪ್ಪನ ಮೇಲೆ ನಿಜವಾಗಿ ಸಿಟ್ಟು ಬಂದದ್ದು ಆಗಲೇ. ಒಂದು ಒಳ್ಳೆಯ ಗಾಯವನ್ನೂ ಕೊಡಲಿಲ್ಲವಲ್ಲ ಅಂತ.

ಗಾಯ ವೈರಿನ ಹತ್ತಿರ ಇತ್ತು.

ಒಂದು ಮಧ್ಯಾಹ್ನ ಬೆಸುಗೆ ಹಾಕುತ್ತಾ ಹಾಕುತ್ತಾ ಅವಳು ಹೇಳಿದಳು. ತಾನು ಯಾಕೆ ಕುರ್ಚಿಗೆ ಒರಗಿ ಕೂರುವುದಿಲ್ಲ ಅಂತ. ಅವರ ಮನೆಯಲ್ಲಿ ಬಾಗಿಲ ಹಿಂದೆ ಒಂದು ಮೊಳೆ. ಮೊಳೆಗೆ ಅವಳ ಅಪ್ಪನ ಬೆಲ್ಟು. ಅಪ್ಪ ಮನೆಗೆ ಬಂದಾಗ ಬಾಗಿಲು ಹಾಕಿಕೊಳ್ಳುವ ರೀತಿಯಲ್ಲೇ ಅವತ್ತು ಬೆಲ್ಟು ಇಳಿಯುತ್ತದೋ ಇಲ್ಲವೋ ಗೊತ್ತಾಗುತ್ತಿತ್ತಂತೆ. ಯಾವ ತಂತಿ ಎಲ್ಲಿಗೆ ಹೋಗಬೇಕು ಅಂತ ಹೇಳುವ ದನಿಯಲ್ಲೇ ಇದನ್ನೂ ಹೇಳಿ ಮುಗಿಸಿದಳು. ಆಮೇಲೆ ಬೆಸುಗೆಯ ಮೇಲೆ ಉಫ್ ಅಂತ ಊದಿದಳು.

ಮುಂದಿನ ವಾರ ಅವನು ಹಾಡು ತಂದ.

ಅಪ್ಪಾ
ಬಾಗಿಲ ಹಿಂದೆ ಮೊಳೆ
ಮೊಳೆಯಲ್ಲಿ ಬೆಲ್ಟು
ಬೆಲ್ಟಿನಲ್ಲಿ ನಾನು

ವೈರು ಹಾಳೆಯನ್ನು ಓದಿ ಮಡಚಿ ವಾಪಸು ಕೊಟ್ಟಳು.

“ನಿಮ್ಮನೇಲೂ ಮೊಳೆ ಇತ್ತಾ?”

“ಎಲ್ಲರ ಮನೇಲೂ ಇರುತ್ತೆ.”

ಅವಳು ತಲೆಯಾಡಿಸಿದಳು. ಎರಡು ದಿನ ಬಿಟ್ಟು ಟೆಲಿಫೋನಿನ ಡಯಲು ತಿರುಗಿಸುವ ಸ್ಪ್ರಿಂಗನ್ನು ಕತ್ತರಿಸಿ ಒಂದು ಯಂತ್ರ ಮಾಡಿದಳು. ಅದರ ಸದ್ದು ಗಾಳಿಯನ್ನು ಸೀಳಿದ ಹಾಗಿತ್ತು. ಸೀಳಿ, ಅರೆಗಳಿಗೆ ಸುಮ್ಮನಿದ್ದು, ಆಮೇಲೆ ಬೀಳುತ್ತಿತ್ತು. ಆ ಅರೆಗಳಿಗೆ ಯಾಕೆ ಅಂತ ಡುಮ್ಮ ಕೇಳಿದ. ಅದು ಹಾಗೇ ಇರುತ್ತೆ ಎಂದಳು.

ಅವನ ಮನೆಯಲ್ಲೂ ಒಂದು ಬೆಲ್ಟು ಇತ್ತು, ಸುಳ್ಳಲ್ಲ. ಬಸ್ ಕಂಪನಿ ಯೂನಿಫಾರಂ ಜೊತೆ ಕೊಟ್ಟದ್ದು. ಕೂತು ಬಸ್ ಓಡಿಸುವಾಗ ಹೊಟ್ಟೆಗೆ ಒತ್ತುತ್ತೆ ಅಂತ ಅಪ್ಪ ಹಾಕಿಕೊಳ್ಳುತ್ತಿರಲಿಲ್ಲ. ಬಾಗಿಲ ಹಿಂದಿನ ಮೊಳೆಯಲ್ಲಿ ಧೂಳು ತಿನ್ನುತ್ತಾ ತೂಗುತ್ತಿತ್ತು. ಅದನ್ನು ಚೀಲಕ್ಕೆ ಹಾಕಿಕೊಂಡು ಬಂದ. ಹಾಡುವಾಗ ಅದರಿಂದ ಒಂದು ತಗಡಿಗೆ ಬಾರಿಸುವುದು ಅಂತ ತೀರ್ಮಾನವಾಯಿತು.

ಆ ಹಾಡನ್ನು ಮೊದಲು ಹಾಡಿದ್ದು ಒಂದು ಭಾನುವಾರ ಮಧ್ಯಾಹ್ನ, ಮುಚ್ಚಿದ ಕಾರ್ಖಾನೆಯೊಂದರ ಗೋದಾಮಿನಲ್ಲಿ. ಸ್ಪೀಕರುಗಳನ್ನು ಸಾಗಿಸಲು ಗಾಡಿ ಇರಲಿಲ್ಲ. ಅಪ್ಪ, ತೊಳೆಯಲು ಡಿಪೋಗೆ ಒಯ್ಯಬೇಕಿದ್ದ ಖಾಲಿ ಬಸ್ಸನ್ನು ದಾರಿ ತಪ್ಪಿಸಿ ತಂದ. ಯಾರಾದರೂ ನೋಡಿದ್ದರೆ ಕೆಲಸ ಹೋಗುತ್ತಿತ್ತು. ನಿಯಮ ಮುರಿದದ್ದು ಬಹುಶಃ ಅವನ ಸರ್ವಿಸಿನಲ್ಲೇ ಅದೊಂದು ಸಲ. ಪೆಟ್ಟಿಗೆಗಳನ್ನು ತಾನೇ ಹೊತ್ತು ಇಳಿಸಿದ. ವೈರಿನ ಯಂತ್ರಗಳನ್ನು ಮಗುವನ್ನು ಎತ್ತಿಕೊಂಡ ಹಾಗೆ ಎತ್ತಿಕೊಂಡು ಒಳಗಿಟ್ಟ. ಒಳಗೆ ಕೂತು ನೋಡುವಂತೆ ವೈರು ಕರೆದಳು. ಬೇಡಮ್ಮ, ನನಗೇನು ಅರ್ಥವಾಗುತ್ತೆ, ಬಸ್ಸಲ್ಲೇ ಇರ್ತೀನಿ, ವಾಪಸು ಒಯ್ಯಬೇಕಲ್ಲ ಎಂದು ಹೊರಟ.

ಎಂಜಿನ್ನು ಚಾಲೂ ಇತ್ತು. ಮಗ ಆಮೇಲೆ ಎಷ್ಟೋ ವರ್ಷ ಈ ಒಂದು ವಿಷಯವನ್ನು ಮತ್ತೆ ಮತ್ತೆ ಮುಟ್ಟಿ ನೋಡಿಕೊಂಡಿದ್ದಾನೆ. ಹೊರಗೆ ಎಂಜಿನ್ನು ಚಾಲೂ ಇತ್ತು. ಆ ಗುಡುಗಿನ ಪಕ್ಕ ಕೂತವನಿಗೆ ಒಳಗಿನದೇನೂ ಕೇಳಿಸಿರಲಾರದು.

ಒಳಗೆ ಜನ ಹರಟೆ ನಿಲ್ಲಿಸಿದರು. ಹಾಡು ಮುಗಿದ ಮೇಲೂ ಯಾರೂ ಮಾತಾಡಲಿಲ್ಲ. ಮೂಲೆಯಲ್ಲಿ ಒಬ್ಬ ದೊಡ್ಡ ಗಂಡಸು ಗೋಡೆಗೆ ಮುಖ ಮಾಡಿ ನಿಂತಿದ್ದ, ಅವನ ಬೆನ್ನು ಅಲುಗುತ್ತಿತ್ತು. ಆ ಪತ್ರಕರ್ತ ಬಂದು ಕೈ ಕುಲುಕಿ ಹೋದ.

ಅಲ್ಲಿಂದ ತುಕ್ಕು ಬೇರೆ ಬ್ಯಾಂಡಾಯಿತು. ಹಾಡು ಕೈಯಿಂದ ಕೈಗೆ ನಕಲಾಗುತ್ತಾ ಅವರು ಹೋಗದ ಊರುಗಳಿಗೂ ಹೋಯಿತು. ಗ್ಯಾರೇಜುಗಳಲ್ಲಿ, ಹಾಸ್ಟೆಲುಗಳ ಹಿತ್ತಲಲ್ಲಿ, ಪುಸ್ತಕದಂಗಡಿಯ ಮಾಳಿಗೆಯಲ್ಲಿ ಹಾಡಿದರು. ಒಂದು ಕಾಲೇಜಿನವರು ಗೇಟಿನಿಂದಲೇ ವಾಪಸು ಕಳಿಸಿದರು. ಮರುವಾರ ಅದೇ ಕಾಲೇಜಿನ ಹುಡುಗರು ಬಸ್ಸು ಹಿಡಿದು ಬಂದರು. ಕಾರ್ಯಕ್ರಮ ಮುಗಿದ ಮೇಲೆ ಜನ ಅವನ ಹತ್ತಿರ ಬರುತ್ತಿದ್ದರು. ಅಂಗಿಯ ತೋಳು ಮಡಚಿ ತೋರಿಸುತ್ತಿದ್ದರು. ಅವನು ಕಣ್ಣು ಮುಚ್ಚಿ ತಲೆಯಾಡಿಸುವುದನ್ನು ಕಲಿತ. ಕಣ್ಣು ಮುಚ್ಚಿದರೆ ಅವರಿಗೆ ಸಾಕಾಗುತ್ತಿತ್ತು. ಅವನಿಗೂ ನೋಡುವುದು ತಪ್ಪುತ್ತಿತ್ತು. ಹಿಂದೆ ವೈರು ತಂತಿ ಸುತ್ತಿ ಚೀಲಕ್ಕೆ ಹಾಕುತ್ತಿದ್ದಳು.

ಕೊನೆಗೆ ಒಂದು ಸಣ್ಣ ಪತ್ರಿಕೆಯವರು ನೆಲಮಾಳಿಗೆಗೆ ಬಂದು ಆ ಹಾಡಿನ ಬಗ್ಗೆ ಕೇಳಿದರು. ಅವನು ಹೇಳಿದ. ಮೊಳೆಯ ಬಗ್ಗೆ ಹೇಳಿದ. ಬಾಗಿಲು ಹಾಕಿಕೊಳ್ಳುವ ರೀತಿಯ ಬಗ್ಗೆ ಹೇಳಿದ. ಈಗಲೂ ಕುರ್ಚಿಗೆ ಒರಗಿ ಕೂರಲು ಆಗುವುದಿಲ್ಲ ಎಂದ. ಇಷ್ಟು ಹೇಳುವಾಗ ಅವನು ಕುರ್ಚಿಗೆ ಒರಗಿಯೇ ಕೂತಿದ್ದ. ಹೇಳುತ್ತಾ ಹೇಳುತ್ತಾ ಮುಂದಕ್ಕೆ ಸರಿದ. ಮೂಲೆಯಲ್ಲಿ ವೈರು ಬೆಸುಗೆ ಹಾಕುತ್ತಿದ್ದಳು. ತಲೆಯೆತ್ತಲಿಲ್ಲ. ಬೆಸುಗೆಯ ಮೇಲೆ ಉಫ್ ಅಂತ ಊದಿದಳು. ಮುಂದಿನ ವಾರ ಬರಲಿಲ್ಲ. ಅದರ ಮುಂದಿನ ವಾರವೂ.

ಹೊಸ ಕೀಬೋರ್ಡು ಕೊಂಡು ಇನ್ನೊಂದು ವರ್ಷ ನಡೆಸಿದರು. ಮುಚ್ಚಿದ ಅಂಗಡಿಯ ಮೇಲೂ ಬೋರ್ಡು ತೂಗುವ ಹಾಗೆ. ಸೀಳುವ ಸದ್ದು ಅದರಲ್ಲೂ ಬರುತ್ತಿತ್ತು, ಆ ಅರೆಗಳಿಗೆ ಮಾತ್ರ ಬರಲಿಲ್ಲ. ಡುಮ್ಮ ಮಾವನ ಅಂಗಡಿಗೆ ಕೂತ. ಗಂಟಲಾಗಿದ್ದವನು ಒಂದು ಕಂಪನಿ ಸೇರಿದ. ಲಿಫ್ಟಿನ ಬಾಗಿಲು ತೆರೆಯುವಾಗ, ಬಟ್ಟೆ ತೊಳೆಯುವ ಯಂತ್ರ ನಿಂತಾಗ ಬರುತ್ತದಲ್ಲ, ಆ ಸದ್ದುಗಳನ್ನು ಮಾಡುವ ಕಂಪನಿ. ಯಾರನ್ನೂ ನೋಯಿಸದ ಸದ್ದು ಬೇಕು ಅಂತ ಗಿರಾಕಿಗಳು ಕೇಳುತ್ತಾರೆ. ಅವನಿಗೆ ಆ ಕೈಗುಣ ಇದೆ ಅಂತ ಆಫೀಸಿನಲ್ಲಿ ಹೆಸರಿದೆ.

ಹಾಡನ್ನು ಯಾರೋ ಇಂಟರ್ನೆಟ್ಟಿಗೆ ಹಾಕಿದ್ದಾರೆ. ಅದರ ಕೆಳಗೆ ಜನ ಬರೆಯುತ್ತಲೇ ಇರುತ್ತಾರೆ. ನನ್ನ ಅಪ್ಪನೂ. ನನ್ನ ಅಪ್ಪನೂ. ಆಫೀಸಿನಲ್ಲಿ ಕೆಲಸವಿಲ್ಲದ ಹೊತ್ತಲ್ಲಿ ಅವನು ಅವನ್ನು ಓದುತ್ತಾನೆ. ಒಂದಕ್ಕೂ ಉತ್ತರ ಬರೆದಿಲ್ಲ.

“ಹನ್ನೊಂದನೇ ಕ್ಲಾಸಲ್ಲಿದ್ದಾಗ ಕೇಳಿದ್ದು ನಾನು,” ಕಿವಿ ಪರೀಕ್ಷೆಯ ಹುಡುಗಿ ಹೇಳುತ್ತಿದ್ದಳು. ದನಿ ತಗ್ಗಿತ್ತು. “ಆವಾಗೆಲ್ಲ ನಮ್ಮನೇಲಿ ಮಾತ್ರ ಹೀಗೆ ಅಂದುಕೊಂಡಿದ್ದೆ ಸರ್. ನಿಮ್ಮ ಹಾಡು ಕೇಳಿದ ಮೇಲೆ ಮನೆ ಬಿಟ್ಟು ಹೊರಗೆ ಬಂದೆ. ಓದಿದೆ. ಕಿವಿಯ ಕೆಲಸಾನೇ ಯಾಕೆ ಆರಿಸ್ಕೊಂಡೆ ಅಂದ್ರೆ,” ಎಂದು ತನ್ನ ಎಡಗಿವಿ ಮುಟ್ಟಿಕೊಂಡಳು, “ಇದು ಹೋಗಿದೆ. ನಮ್ಮಪ್ಪ.”

ಅವನು ಕಣ್ಣು ಮುಚ್ಚಿ ತಲೆಯಾಡಿಸಿದ. ಇಷ್ಟು ವರ್ಷವಾದರೂ ತಲೆ ತಾನಾಗಿಯೇ ಆಡಿತು.

ಕಣ್ಣು ತೆರೆದಾಗ ಅವಳು ಗಾಜಿನೊಳಗೆ ನೋಡುತ್ತಿದ್ದಳು. ಹೆಡ್‌ಫೋನಿನಡಿ ಅಪ್ಪನ ಮುಖ ಇನ್ನೂ ಚಿಕ್ಕದಾಗಿ ಕಾಣುತ್ತಿತ್ತು. ಏನಾದರೂ ಸದ್ದು ಬರುತ್ತದೇನೋ ಅಂತ ಗುಂಡಿ ಹಿಡಿದು ಕಾಯುತ್ತಿದ್ದ. ಅವಳು ನೋಡಿದ್ದಕ್ಕೆ ನಕ್ಕ.

“ಇವರೇನಾ ಸರ್?”

ಹೇಳಲು ಬೇಕಾದಷ್ಟು ಸಮಯವಿತ್ತು. ಅದು ಬರೀ ಹಾಡು ಎನ್ನಬಹುದಿತ್ತು. ಇವರು ನನ್ನ ಮೇಲೆ ಒಂದು ದಿನ ಕೈಯೆತ್ತಿದವರಲ್ಲ ಎನ್ನಬಹುದಿತ್ತು. ವಾಕ್ಯ ಗಂಟಲವರೆಗೆ ಬಂದಿತ್ತು. ಅವಳ ಕೈ ಇನ್ನೂ ಕಿವಿಯ ಮೇಲಿತ್ತು.

“ಈಗ ವಯಸ್ಸಾಗಿದೆ ಬಿಡಿ,” ಎಂದ.

ಅದಾದ ಮೇಲೆ ಅವಳು ಅಪ್ಪಾಜಿ ಅನ್ನಲಿಲ್ಲ. ಗೂಡಿನ ಬಾಗಿಲು ತೆರೆದು, ಬರಬಹುದು ಎಂದಳು. ಅಪ್ಪನಿಗೆ ಕೇಳಿಸದೆ ಕೂತೇ ಇದ್ದಾಗ ಕೈಹಿಡಿದು ಎಬ್ಬಿಸಲಿಲ್ಲ. ಪೆನ್ನಿನಿಂದ ಗಾಜು ತಟ್ಟಿದಳು. ಪಕ್ಕದ ಕೋಣೆಯಲ್ಲಿ ಕೂರಿಸಿ ಕಿವಿಯ ಯಂತ್ರಗಳನ್ನು ಹಾಕುವಾಗ ಬೆರಳ ತುದಿಗಳಷ್ಟೇ ಅಪ್ಪನಿಗೆ ತಾಗುತ್ತಿದ್ದವು. ಕೆಲಸದಲ್ಲಿ ಏನೂ ಕೊರತೆಯಿರಲಿಲ್ಲ. ಅಪ್ಪ ಅವಳಿಗೆ ಅನುಕೂಲವಾಗಲಿ ಅಂತ ತಲೆಯನ್ನು ಆ ಕಡೆ ಈ ಕಡೆ ವಾಲಿಸಿಕೊಡುತ್ತಿದ್ದ.

ಯಂತ್ರ ಚಾಲೂ ಆದಾಗ ಅಪ್ಪನ ಮುಖ ಬದಲಾಯಿತು. ಸುತ್ತ ನೋಡಿದ. ಫ್ಯಾನಿನ ಕಡೆ ಬೆರಳು ತೋರಿಸಿದ. ತನ್ನ ಅಂಗಿಯ ತೋಳನ್ನು ಉಜ್ಜಿ ನೋಡಿದ, ಅದಕ್ಕೂ ಸದ್ದಿದೆ ಅಂತ ಮಗನಿಗೆ ತೋರಿಸಿದ.

ಈಗ ಮಾತಿನ ಪರೀಕ್ಷೆ ಎಂದಳು ಹುಡುಗಿ. ತುಟಿ ಕಾಣದ ಹಾಗೆ ಬಾಯಿಗೆ ಒಂದು ಕಾಗದ ಅಡ್ಡ ಹಿಡಿದಳು. ತಾನು ಹೇಳಿದ್ದನ್ನು ಅಪ್ಪ ತಿರುಗಿ ಹೇಳಬೇಕು. ಮೇಜಿನ ಮೇಲೆ ಪದಗಳ ಪಟ್ಟಿ ಇತ್ತು. ಅವಳು ಅದನ್ನು ನೋಡುತ್ತಿರಲಿಲ್ಲ.

“ಮರ.”

“ಮರ,” ಎಂದ ಅಪ್ಪ, ಸಂತೋಷದಿಂದ.

“ಬಾಗಿಲು.”

“ಬಾಗಿಲು.”

“ಮೊಳೆ.”

“ಮೊಳೆ.”

“ಬೆಲ್ಟು.”

ಅಪ್ಪ ತಡೆದ. ಅವಳು ಕಾಗದದ ಮೇಲಿಂದ ನೋಡುತ್ತಿದ್ದಳು. ಅಪ್ಪ ಮಗನ ಕಡೆ ತಿರುಗಿದ. ಗೋಡೆಯ ಮೇಲೆ ಕಿವಿಯ ಒಳಭಾಗದ ದೊಡ್ಡ ಚಿತ್ರವಿತ್ತು, ಬಸವನ ಹುಳುವಿನ ಹಾಗೆ ಸುತ್ತಿಕೊಂಡ ಒಂದು ಭಾಗ. ಮಗ ಅದನ್ನು ನೋಡುತ್ತಿದ್ದ.

“ಬೆಲ್ಟು,” ಎಂದ ಅಪ್ಪ.

“ನೆನಪಿದೆಯಾ?”

ಕೋಣೆಯಲ್ಲಿ ಫ್ಯಾನಿನ ಸದ್ದೊಂದೇ ಇತ್ತು. ಈಗ ಅದು ಮೂವರಿಗೂ ಕೇಳಿಸುತ್ತಿತ್ತು.

“ಹೂಂ ಕಣಮ್ಮ,” ಎಂದ ಅಪ್ಪ. “ಹೊಡೀತಿದ್ದೆ.”

“ಯಾಕೆ?”

ಅಪ್ಪ ತಲೆ ತಗ್ಗಿಸಿದ. ಮಂಡಿಯ ಮೇಲಿದ್ದ ಕೈಗಳನ್ನು ನೋಡಿಕೊಂಡ. ಎರಡನ್ನೂ ತಿರುಗಿಸಿ ನೋಡಿದ. ಸಿಟ್ಟು ಬರ್ತಿತ್ತೇನೋ ಎಂದ, ಬೇರೆ ಯಾರ ಬಗ್ಗೆಯೋ ಹೇಳಿದ ಹಾಗೆ.

ಹುಡುಗಿ ಕಾಗದ ಕೆಳಗಿಟ್ಟಳು. ನಮ್ಮಪ್ಪನ ಬಾಯಲ್ಲಿ ಇಷ್ಟು ಕೇಳಬೇಕು ಅಂತ ಎಷ್ಟು ವರ್ಷ ಕಾದೆ, ಕೊನೇವರೆಗೂ ಒಪ್ಪಿಕೊಳ್ಳಲಿಲ್ಲ, ಹಾಗೇ ಹೋದ ಎಂದಳು. ಇದನ್ನು ಯಾರಿಗೆ ಹೇಳಿದಳೋ ಗೊತ್ತಾಗಲಿಲ್ಲ. ಆಮೇಲೆ ಅಪ್ಪನ ಕಡೆ ಬಾಗಿದಳು.

“ಇವರಿಗೆ ತಪ್ಪಾಯ್ತು ಅಂತ ಯಾವತ್ತಾದ್ರೂ ಹೇಳಿದೀರಾ?”

ಅಪ್ಪ ಇಲ್ಲ ಅಂತ ತಲೆಯಾಡಿಸಿದ.

“ಹೇಳಿ.”

ಅವನಿಗೆ ಎದ್ದು ನಿಲ್ಲಬೇಕೆನಿಸಿತು. ಏಳಲಿಲ್ಲ. ಅಪ್ಪ ಕುರ್ಚಿಯಲ್ಲೇ ಪೂರ್ತಿ ಮಗನ ಕಡೆ ತಿರುಗಿದ. ಕಣ್ಣಲ್ಲಿ ಕಣ್ಣಿಟ್ಟು ನೋಡಿದ. ನಟನೆಯ ಗುರುತು ಏನಾದರೂ ಸಿಕ್ಕೀತೇ ಅಂತ ಅವನು ಆ ಮುಖದಲ್ಲಿ ಹುಡುಕಿದ.

“ತಪ್ಪಾಯ್ತು ಕಣೋ.”

ಹುಡುಗಿ ಅವನನ್ನು ನೋಡುತ್ತಿದ್ದಳು. ಅವನು ಏನಾದರೂ ಹೇಳಬೇಕಿತ್ತು.

“ಇರಲಿ ಬಿಡಪ್ಪ,” ಎಂದ.

ದನಿ ಎಲ್ಲಿ ಒಡೆಯಬೇಕೋ ಅಲ್ಲೇ ಒಡೆಯಿತು. ಬೇಕಾದಷ್ಟೇ. ಹಳೇ ಗಂಟಲು ಏನನ್ನೂ ಮರೆತಿರಲಿಲ್ಲ. ಅವನು ಅಪ್ಪನನ್ನು ಕ್ಷಮಿಸಿದ್ದ. ಹುಡುಗಿ ಮುಖ ತಿರುಗಿಸಿ ಕಣ್ಣು ಒರೆಸಿಕೊಂಡಳು. ಹೊರಡುವಾಗ ಅಪ್ಪನಿಗೆ ಮೆಟ್ಟಿಲವರೆಗೂ ಕೈ ಕೊಟ್ಟು ಇಳಿಸಿದಳು. ಹುಷಾರು ಅಪ್ಪಾಜಿ ಎಂದಳು.

ಬೀದಿಯಲ್ಲಿ ಅಪ್ಪ ಪ್ರತಿ ಸದ್ದಿಗೂ ನಿಲ್ಲುತ್ತಿದ್ದ. ಯಾರೋ ಶಟರು ಎಳೆದರು, ನಿಂತ. ಸೈಕಲ್ಲಿನ ಬೆಲ್ಲು, ನಿಂತ. ನನ್ನ ಚಪ್ಪಲಿ ಇಷ್ಟು ಸದ್ದು ಮಾಡುತ್ತೆ ಅಂತ ನೀವ್ಯಾರೂ ಹೇಳಲೇ ಇಲ್ಲವಲ್ಲ ಎಂದ. ಟ್ಯಾಕ್ಸಿ ಬೇಡ ಎಂದ. ಬಸ್ಸಿನಲ್ಲೇ ಹೋಗೋಣ, ಹೊಸ ಬಸ್ಸುಗಳು ಹೇಗೆ ಸದ್ದು ಮಾಡುತ್ತವೆ ಕೇಳಬೇಕು.

ಬಸ್ಸು ಅರ್ಧ ತುಂಬಿತ್ತು. ಅಪ್ಪ ಕಿಟಕಿಗೆ ಕೂತ, ಅವನು ಪಕ್ಕದಲ್ಲಿ. ಎಂಜಿನ್ನು ಹಿಂದೆಲ್ಲೋ ಇತ್ತು, ಇದ್ದೂ ಇಲ್ಲದ ಹಾಗೆ.

“ಸದ್ದೇ ಇಲ್ಲ,” ಎಂದ ಅಪ್ಪ, ಸ್ವಲ್ಪ ನಿರಾಸೆಯಿಂದ.

“ಹೂಂ.”

ಎರಡು ಸ್ಟಾಪು ಹೋಯಿತು.

“ಯಾಕಪ್ಪಾ ಹಾಗೆ ಹೇಳಿದೆ ಅವಳಿಗೆ?”

“ಹೇಗೆ?”

“ಅದೇ. ಹೊಡೀತಿದ್ದೆ ಅಂತ.”

ಅಪ್ಪ ಕಿಟಕಿಯಾಚೆ ನೋಡುತ್ತಿದ್ದ. ಕೇಳಿಸಲಿಲ್ಲವೇನೋ ಅಂದುಕೊಂಡ ಮಗ. ಕಿವಿಯ ಹಿಂದಿನ ಯಂತ್ರದಲ್ಲಿ ಚಿಕ್ಕ ದೀಪ ಉರಿಯುತ್ತಿತ್ತು. ಕೇಳಿಸಿರಲೇಬೇಕು.

“ಅವತ್ತು ಗೋದಾಮಿನ ಹತ್ರ ಎಂಜಿನ್ ಆಫ್ ಮಾಡಿದ್ದೆ,” ಎಂದ ಅಪ್ಪ. “ನೀನು ಹಾಡೋದು ಕೇಳೋಣ ಅಂತ.”

ಅವನು ಮುಂದಿನ ಸೀಟಿನ ಕಂಬಿ ಹಿಡಿದುಕೊಂಡ.

ಅಪ್ಪ ಹೇಳುತ್ತಾ ಹೋದ. ಮೆಲ್ಲಗೆ, ಮಧ್ಯೆ ಮಧ್ಯೆ ನಿಂತು, ತನ್ನ ದನಿ ತನಗೇ ಕೇಳಿಸುವುದು ಹೊಸದಾಗಿ. ಅವತ್ತಿನಿಂದ ಯೋಚನೆ ಮಾಡಿದ್ದನಂತೆ. ಯಾವಾಗ ಹೊಡೆದೆ ಅಂತ. ಬಸ್ಸು ಓಡಿಸುವಾಗ ಅದೇ ಯೋಚನೆ. ಬೆಲ್ಟಂತೂ ಇತ್ತು. ಮೊಳೆಯೂ ಇತ್ತು. ಡ್ಯೂಟಿ ಮುಗಿಸಿ ಬಂದಾಗ ಎಷ್ಟೋ ದಿನ ತಲೆ ಕಾದ ಹೆಂಚಿನ ಹಾಗೆ ಇರುತ್ತಿತ್ತು, ಏನು ತಿಂದೆ ಏನು ಮಾತಾಡಿದೆ ಅನ್ನುವುದು ಮರುದಿನ ನೆನಪಿರುತ್ತಿರಲಿಲ್ಲ. ಅಂಥ ಯಾವುದೋ ದಿನ ಇರಬೇಕು.

“ನಿಮ್ಮಮ್ಮನ್ನ ಕೇಳೋಣ ಅಂದ್ಕೊಂಡೆ. ಹೌದು ಅಂದುಬಿಟ್ರೆ ಅಂತ ಹೆದರಿಕೆ ಆಯ್ತು. ಆಮೇಲೆ ಅವಳೂ ಹೋದಳು.” ಮಗನ ಕಡೆ ತಿರುಗಿ, “ನೀನು ಸುಳ್ಳು ಹೇಳೋನಲ್ಲ,” ಎಂದ.

ಬಸ್ಸು ಸಿಗ್ನಲ್ಲಿನಲ್ಲಿ ನಿಂತಿತು. ಒಂದು ಮಾತು. ಇಲ್ಲಪ್ಪ, ನೀನು ಹೊಡೆದಿಲ್ಲ, ಒಂದು ದಿನವೂ ಹೊಡೆದಿಲ್ಲ. ಅಷ್ಟು ಹೇಳಿದರೆ ಮುಗಿಯಿತು. ಕೂಗಬೇಕಾದ್ದೂ ಇಲ್ಲ, ಈಗ ಮೆಲ್ಲಗೆ ಹೇಳಿದರೂ ಕೇಳಿಸುತ್ತದೆ. ಅವನು ಬಾಯಿ ತೆರೆದ. ಹೇಳಿದರೆ ಅಪ್ಪ ಮುಂದಿನದನ್ನು ಕೇಳುತ್ತಾನೆ. ಹಾಗಾದರೆ ಅದು ಯಾರದು ಅಂತ.

“ಆ ಹುಡುಗಿ ಚೆನ್ನಾಗಿದಾಳಾ?” ಎಂದ ಅಪ್ಪ. “ಯಂತ್ರ ಮಾಡ್ತಿದ್ದಳಲ್ಲ, ಅವಳು.”

“ಗೊತ್ತಿಲ್ಲ.”

“ಒಳ್ಳೆ ಮಗು. ನನ್ನ ಒಳಗೆ ಕರೆದಿದ್ದಳು.”

ಆಗ ಶುರುವಾಯಿತು. ಸಣ್ಣಗೆ, ಸೂಜಿಯ ಹಾಗೆ, ಒಂದೇ ಸಮನೆ. ಎಲ್ಲಿಂದ ಅಂತ ಅವನಿಗೆ ಮೊದಲು ತಿಳಿಯಲಿಲ್ಲ. ಮುಂದಿನ ಸೀಟಿನ ಹೆಂಗಸು ತಿರುಗಿ ನೋಡಿದಳು. ಆಚೆ ಸಾಲಿನ ವಿದ್ಯಾರ್ಥಿ ಕಿವಿಯಿಂದ ಇಯರ್‌ಫೋನು ಕಿತ್ತು ಸುತ್ತ ನೋಡಿದ. ಅಪ್ಪ ಗಾಜಿಗೆ ತಲೆ ಆನಿಸಿದ್ದಕ್ಕೆ ಎಡಗಿವಿಯ ಯಂತ್ರ ಸಡಿಲವಾಗಿ, ತನ್ನ ಸದ್ದನ್ನು ತಾನೇ ಕೇಳಿ ಕಿರುಚುತ್ತಿತ್ತು. ಅಷ್ಟು ಚೂಪು ದನಿ ಅಪ್ಪನ ಕಿವಿಗೆ ಇನ್ನು ಯಾವ ಯಂತ್ರದಿಂದಲೂ ಸಿಗುವುದಿಲ್ಲ ಅಂತ ಕಿವಿ ಪರೀಕ್ಷೆಯ ಹುಡುಗಿ ಹೇಳಿದ್ದಳು. ಬಸ್ಸಿನಲ್ಲಿದ್ದವರೆಲ್ಲ ಆ ಕಿರುಚಾಟ ಕೇಳುತ್ತಿದ್ದರು. ಅದನ್ನು ಕಿವಿಯಲ್ಲಿಟ್ಟುಕೊಂಡವನಿಗೆ ಮಾತ್ರ ಕೇಳಿಸುತ್ತಿರಲಿಲ್ಲ. ಎಲ್ಲರೂ ತನ್ನ ಕಡೆ ತಿರುಗಿದ್ದು ನೋಡಿ ಅಪ್ಪ ಅವರಿಗೆ ನಕ್ಕ.

ಅವನು ಅದನ್ನು ಒತ್ತಿ ಸರಿಮಾಡಲು ಬೇಗನೆ ಕೈಯೆತ್ತಿದ.

ಇಷ್ಟು ವರ್ಷ ಕಾದಿದ್ದ ಏಟು ಈಗ ಬಂತು ಅನ್ನುವ ಹಾಗೆ ಅಪ್ಪ ಕಣ್ಣು ಬಿಗಿಯಾಗಿ ಮುಚ್ಚಿ, ಕತ್ತನ್ನು ಹೆಗಲೊಳಗೆ ಎಳೆದುಕೊಂಡು, ಮೊಣಕೈಯನ್ನು ಮುಖಕ್ಕೆ ಅಡ್ಡ ತಂದ.

ಮುಂದಿನ ಸೀಟಿನ ಹೆಂಗಸು ಅಪ್ಪನನ್ನು ನೋಡಿದಳು, ಆಮೇಲೆ ಮೇಲೆದ್ದ ಕೈಯನ್ನು, ಆಮೇಲೆ ಕೈಯವನ ಮುಖವನ್ನು. ವಿದ್ಯಾರ್ಥಿ ಅರ್ಧ ಎದ್ದು ನಿಂತ. ಸಿಗ್ನಲ್ಲು ಬಿಟ್ಟು ಬಸ್ಸು ಹೊರಟಿತು. ಕೈ ಅಲ್ಲೇ ಇತ್ತು, ಅಪ್ಪನ ತಲೆಯ ಮೇಲೆ, ಗಾಳಿಯಲ್ಲಿ. ಅದನ್ನು ಇಳಿಸಲು ಅವನಿಗೆ ದಾರಿ ಕಾಣಲಿಲ್ಲ. ಸದ್ದು ಕಿರುಚುತ್ತಲೇ ಇತ್ತು.